ಕುರ್ಚಿಗೆ ಕಟ್ಟಿದ ಕೀಲಿಕೈ

ಮಾರ್ಚ್ 3, ಸೋಮವಾರ. ಸಂಜೆ

ನಲವತ್ತು ಹೆಂಗಸರಿಗೆ ಒಂದೇ ಟೋಕನ್. ಇದು ಅನ್ಯಾಯ. ಬೇರೆ ಹೆಸರು ಇದಕ್ಕಿಲ್ಲ.

ಚಿಕ್ಕಮ್ಮನ ಬಾಯಿಂದ ಇವತ್ತು ಹೊರಬಿತ್ತು. ಹೇಳಬೇಕೆಂದು ಹೇಳಿದ್ದಲ್ಲ. ತೊಳೆಯಲು ಅವಳ ನೀರಿನ ಬಾಟಲಿ ತೆಗೆದುಕೊಂಡೆ. ಬೆಳಿಗ್ಗೆ ತುಂಬಿಸಿ ಕೊಟ್ಟದ್ದು ಹಾಗೆಯೇ ಇತ್ತು, ಕುತ್ತಿಗೆಯವರೆಗೆ. ಯಾಕೆ ಕುಡಿದಿಲ್ಲ ಎಂದೆ. ಕುಡಿದರೆ ಹೋಗಬೇಕಾಗುತ್ತದೆ ಎಂದಳು. ಹೋಗಬೇಕಾದರೆ ಟೋಕನ್ ಬೇಕು. ಅವಳ ಗಾರ್ಮೆಂಟ್ಸ್‌ನಲ್ಲಿ ಒಂದು ಲೈನಿಗೆ ನಲವತ್ತು ಮಷಿನ್, ನಲವತ್ತು ಮಷಿನ್‌ಗೆ ಒಂದು ಮರದ ತುಂಡು. ಕೆಂಪು ಬಣ್ಣ ಬಳಿದದ್ದು. ಸೂಪರ್‌ವೈಸರ್ ಮೇಜಿನ ಪಕ್ಕದ ಮೊಳೆಯಲ್ಲಿ ನೇತಾಡುತ್ತಿರುತ್ತದೆ. ಅದು ಮೊಳೆಯಲ್ಲಿದ್ದರೆ ಎದ್ದು ಹೋಗಬಹುದು. ಇಲ್ಲದಿದ್ದರೆ ಯಾರೋ ಒಳಗಿದ್ದಾರೆ, ಕಾಯಬೇಕು. ಅದಕ್ಕೇ ಎಂಟು ಗಂಟೆ ಕಾಲರ್ ಹೊಲಿಯುತ್ತಾಳೆ, ಎಂಟು ಗಂಟೆ ನೀರು ಮುಟ್ಟುವುದಿಲ್ಲ.

"ಎಷ್ಟು ವರ್ಷದಿಂದ ಹೀಗೆ?"

"ಯಾರಿಗೆ ನೆನಪಿದೆ. ಮೊದ್ಲು ಎರಡಿತ್ತು. ಒಂದು ಕಳೆದುಹೋಯ್ತು."

"ಇನ್ನೊಂದು ಮಾಡಿಸ್ಲಿಲ್ವಾ?"

"ಮರ ಸಿಗ್ಲಿಲ್ವೇನೋ."

ಅವಳು ನಗಲಿಲ್ಲ. ನಾನು ನಕ್ಕೆ. ನಕ್ಕ ಮೇಲೆ ಸಿಟ್ಟು ಬಂತು, ನನ್ನ ಮೇಲೆ.

ನನ್ನ ಹದಿನಾಲ್ಕು ಹೋರಾಟದ ಕಿರುಹೊತ್ತಿಗೆಗಳಲ್ಲಿ ಹನ್ನೊಂದನೆಯದನ್ನು ಹುಡುಕಿ ತೆಗೆದೆ. ಬಸ್ ಸ್ಟ್ಯಾಂಡಿನ ಪಕ್ಕದ ಅಂಗಡಿಯಲ್ಲಿ ಕೊಂಡದ್ದು. ಹದಿನಾರು ಪುಟ, ಎರಡು ಪಿನ್ನು, ಅದರಲ್ಲಿ ಒಂದು ತುಕ್ಕು ಹಿಡಿದಿದೆ. ನಾಲ್ಕನೆಯ ಪುಟ: ದೇಹದ ಅಗತ್ಯಕ್ಕೆ ಅಪ್ಪಣೆ ಕೇಳಬೇಕಾದವರು ಕೆಲಸಗಾರರಲ್ಲ, ಕೈದಿಗಳು. ಅಡಿಗೆರೆ ಎಳೆದಿದ್ದೇನೆ. ಮೂರು ವರ್ಷದ ಹಿಂದೆ. ಆಗಲೂ ಚಿಕ್ಕಮ್ಮನ ಬಾಟಲಿ ತುಂಬಿಕೊಂಡೇ ಮನೆಗೆ ಬರುತ್ತಿದ್ದಿರಬೇಕು. ನಾನು ಅಡಿಗೆರೆ ಎಳೆಯುತ್ತ ಕೂತಿದ್ದೆ.

ಮಾರ್ಚ್ 4, ಮಂಗಳವಾರ. ಬೆಳಿಗ್ಗೆ 6.10

ಚಿಕ್ಕಮ್ಮ ಫ್ರಿಜ್‌ಗೆ ಬೈಯುತ್ತಿದ್ದಾಳೆ. ದಿನವೂ ಇದೇ ಹೊತ್ತು. ಐಡಿ ಕಾರ್ಡು ಕೊರಳಿಗೆ ಹಾಕಿಕೊಂಡ ಮೇಲೆ, ಚಪ್ಪಲಿ ಮೆಟ್ಟುವ ಮೊದಲು. ಫ್ರಿಜ್ ಯಾಕೆ ಎಂದು ಒಮ್ಮೆ ಕೇಳಿದ್ದೆ. "ಸೂಪರ್‌ವೈಸರ್ ಥರಾನೇ ಇದೆ. ಎತ್ತರ, ಬಿಳಿ ಶರ್ಟು, ಒಳಗೆಲ್ಲ ತಣ್ಣಗೆ. ಏನ್ ಹೇಳಿದ್ರೂ ಹೂಂ ಅನ್ನುತ್ತೆ."

ಬಚ್ಚಲಿನ ಬಾಗಿಲ ಹಿಂದೆ ನಿಂತು ಕೇಳಿಸಿಕೊಂಡೆ. ಇವತ್ತಿನದು: "ನೋಡಿ ಸಾರ್, ನಾನು ಹೊಲಿದ ಕಾಲರ್ ಹಾಕ್ಕೊಂಡು ಯಾರ್ಯಾರೋ ದೊಡ್ಡೋರು ಮೀಟಿಂಗಲ್ಲಿ ಕೂತಿರ್ತಾರೆ. ಮಧ್ಯ ಎದ್ದು ಹೋಗ್ತಾರಲ್ಲ, ಅವ್ರನ್ನ ಯಾರಾದ್ರೂ ಟೋಕನ್ ಕೇಳ್ತಾರಾ?"

ಫ್ರಿಜ್ ಹೂಂ ಎಂದಿತು.

"ಇವತ್ತು ಹೇಳೇ ಹೇಳ್ತೀನಿ" ಎಂದಳು. ಹಾಲು ಒಳಗಿಟ್ಟಳು. ಬಾಗಿಲು ಹಾಕಿದಳು. ಹೋದಳು.

ಹೇಳುವುದಿಲ್ಲ. ಹನ್ನೊಂದು ವರ್ಷದಿಂದ ಹೇಳಿಲ್ಲ.

ಮಾರ್ಚ್ 7, ಶುಕ್ರವಾರ. ಬಸ್ಸಿನಲ್ಲಿ

ಮೇಷ್ಟ್ರು ಇವತ್ತು ಕನ್ನಡಕ ತೆಗೆದರು. ನನ್ನ ಮಾತಿಗೆ. ಎಂಟು ತಿಂಗಳಲ್ಲಿ ಮೊದಲ ಸಲ.

ಕ್ರಮವಾಗಿ ಬರೆಯುತ್ತೇನೆ. ನಮ್ಮ ಟಿವಿ ಧಾರಾವಾಹಿಯ ರೈಟರ್ಸ್ ರೂಮ್, ನಾಲ್ಕನೆಯ ಮಹಡಿ, ತೆರೆಯದ ಕಿಟಕಿ. ಐದು ಕುರ್ಚಿ. ಒಂದರ ಗಾಲಿ ಮುರಿದಿದೆ. ಹೊಸಬರಿಗೆ ಅದು, ಅಂದರೆ ನನಗೆ. ಕಥೆ ಮೇಷ್ಟ್ರದು. ಸಂಭಾಷಣೆ ಸೀನಿಯರ್‌ಗಳದು. ಎಲ್ಲಿ ನಗು ಸಾಲದೋ ಅಲ್ಲಿ ಒಂದು ಖಾಲಿ ಚೌಕ ಬಿಟ್ಟಿರುತ್ತಾರೆ. ನಾನು ಚೌಕ ತುಂಬುವವಳು. ಪರದೆಯ ಮೇಲೆ ಹೆಸರಿಲ್ಲ.

ಮೇಷ್ಟ್ರು ಯಾವ ಶಾಲೆಯಲ್ಲೂ ಕಲಿಸಿದವರಲ್ಲ. ಕೆಂಪು ಪೆನ್ನಿನಲ್ಲಿ ತಿದ್ದುತ್ತಾರೆಂದು ಆ ಹೆಸರು. ಇಪ್ಪತ್ತೆರಡು ವರ್ಷದಿಂದ ಟಿವಿಗೆ ಹಾಸ್ಯ ಬರೆಯುತ್ತಿದ್ದಾರೆ; ಅವರ ಹಲ್ಲು ಯಾರೂ ನೋಡಿಲ್ಲ. ಜೋಕ್ ಹಿಡಿಸಿದರೆ ಕನ್ನಡಕ ತೆಗೆದು ಶರ್ಟಿನ ತುದಿಯಿಂದ ಒರೆಸುತ್ತಾರೆ. ಅಷ್ಟೇ. ನಾವೆಲ್ಲ ಆ ಕನ್ನಡಕ ನೋಡಿಕೊಂಡು ಬದುಕುತ್ತೇವೆ.

ನನ್ನನ್ನು 'ಕರಪತ್ರ' ಎನ್ನುತ್ತಾರೆ. ಮೊದಲ ವಾರ ಬ್ಯಾಗು ಜಾರಿ ಕಿರುಹೊತ್ತಿಗೆಗಳೆಲ್ಲ ನೆಲಕ್ಕೆ ಬಿದ್ದಿದ್ದವು. "ಇದ್ರಲ್ಲಿ ಜೋಕ್ಸ್ ಇದೆಯಾ?" ಎಂದು ಕೇಳಿದ್ದರು. ಇಲ್ಲ ಎಂದಿದ್ದೆ. "ಹಾಗಾದ್ರೆ ನಿಜಾನೇ ಇರ್ಬೇಕು."

ರೂಮಿನ ನಿಯಮ ಎರಡು. ಒಂದು: ಗುರುವಾರ ಹನ್ನೊಂದಕ್ಕೆ ಸ್ಕ್ರಿಪ್ಟ್ ಓದುವುದು, ಜ್ವರವಿದ್ದರೂ ಬರಬೇಕು, ತಪ್ಪಿಸಿದವರ ಕುರ್ಚಿ ಮಾರನೆಯ ದಿನ ಬೇರೆಯವರದು. ಎರಡು: ಬೋರ್ಡಿನ ಮೂಲೆಯಲ್ಲಿ ಬರೆದ, ಯಾರೂ ಅಳಿಸದ ಸಾಲು — 'ಕೊನೆಗೆ ಎಲ್ಲರೂ ಸೋಫಾಕ್ಕೆ.' ನಮ್ಮ ಧಾರಾವಾಹಿಯಲ್ಲಿ ಏನೇ ಆಗಲಿ — ಕೆಲಸ ಹೋಗಲಿ, ಮನೆ ಬಿಡಲಿ, ಜಗಳವಾಗಲಿ — ಕೊನೆಯ ದೃಶ್ಯದಲ್ಲಿ ಇಡೀ ಕುಟುಂಬ ಅದೇ ಹಸಿರು ಸೋಫಾದ ಮೇಲೆ ಕೂತಿರಬೇಕು. ಯಾರಿಗೂ ಏನೂ ಆಗಿರಬಾರದು. ಬದಲಾವಣೆಯ ಬಗ್ಗೆ ಹದಿನಾಲ್ಕು ಕಿರುಹೊತ್ತಿಗೆ ಓದಿಕೊಂಡು ಇಂಥ ಕಡೆ ದುಡಿಯುತ್ತಿದ್ದೇನೆ.

ಇವತ್ತಿನ ಖಾಲಿ ಚೌಕ ಅತ್ತಿಗೆಯದು. ಅತ್ತಿಗೆ ಎಂದರೆ ಧಾರಾವಾಹಿಯ ಸೊಸೆ, ಆಫೀಸಿಗೆ ಹೋಗುವವಳು. ಟ್ರೇ ಹಿಡಿದು ಬಂದು ಟ್ರೇ ಹಿಡಿದು ಹೋಗುವುದು ಬಿಟ್ಟರೆ ಅವಳಿಗೆ ಕೆಲಸವಿಲ್ಲ. "ಇವಳಿಗೆ ಏನಾದ್ರೂ ಕೊಡ್ರಪ್ಪಾ" ಎಂದರು ಮೇಷ್ಟ್ರು. ಯಾರೂ ಬಾಯಿ ಬಿಡಲಿಲ್ಲ. ನಾನು ಬಿಟ್ಟೆ. "ಬಾಸ್‌ಗೆ ಹೇಳ್ಬೇಕಾಗಿದ್ದನ್ನೆಲ್ಲ ಅವಳು ಫ್ರಿಜ್‌ಗೆ ಹೇಳ್ತಾಳೆ. ಬಾಸ್ ಮುಂದೆ ಮಾತ್ರ, ಆಯ್ತು ಸಾರ್."

ಕನ್ನಡಕ ಕೆಳಗಿಳಿಯಿತು.

ಮಾರ್ಚ್ 21, ಶುಕ್ರವಾರ. ರಾತ್ರಿ 8.15

ಫ್ರಿಜ್ ದೃಶ್ಯ ಇವತ್ತು ಪ್ರಸಾರವಾಯಿತು. ಶೂಟಿಂಗಿಗೆ ಬಂದ ಪ್ರೇಕ್ಷಕರು ಬಿದ್ದು ಬಿದ್ದು ನಕ್ಕಿದ್ದರು. ನಿಜವಾದ ನಗು, ಪೆಟ್ಟಿಗೆಯಲ್ಲಿ ರೆಕಾರ್ಡ್ ಮಾಡಿಟ್ಟದ್ದಲ್ಲ. ಚಿಕ್ಕಮ್ಮನ ಕಾಲರ್ ಮಾತು ಬಂತು, ಕಾಲರ್ ಬದಲು ಫೈಲು, ಟೋಕನ್ ಬದಲು ಅಪ್ಪಣೆ. ಉಳಿದದ್ದು ಒಂದಕ್ಷರ ಆಚೀಚೆ ಇಲ್ಲ.

ಚಿಕ್ಕಮ್ಮ ಪಕ್ಕದಲ್ಲೇ ಕೂತು ನೋಡಿದಳು. ನಾನು ಟಿವಿ ನೋಡಲಿಲ್ಲ, ಅವಳ ಮುಖ ನೋಡಿದೆ. ನಗಲಿಲ್ಲ, ಬೈಯಲಿಲ್ಲ. ಜಾಹೀರಾತು ಬಂದಾಗ ಎದ್ದಳು.

"ಅವರ ಫ್ರಿಜ್ ನಮ್ಮದಕ್ಕಿಂತ ದೊಡ್ಡದು" ಎಂದಳು.

ಅಷ್ಟೇ. ಗೊತ್ತಾಗಿದೆಯೋ ಇಲ್ಲವೋ...

ಮಾರ್ಚ್ 24, ಸೋಮವಾರ. ಬೆಳಿಗ್ಗೆ

ಗೊತ್ತಾಗಿದೆ.

ಇವತ್ತು ಫ್ರಿಜ್‌ಗೆ ಬೈದದ್ದು ನಿಧಾನವಾಗಿ, ಬಿಡಿಬಿಡಿಯಾಗಿ, ಬರೆದುಕೊಳ್ಳುವವರಿಗೆ ಹೇಳುವ ಹಾಗೆ. ಮುಖ ಬಚ್ಚಲಿನ ಕಡೆ. ಒಂದು ಮಾತು ಎರಡು ಸಲ ಹೇಳಿದಳು. ಎರಡನೆಯ ಸಲ ಇನ್ನೂ ಚೆನ್ನಾಗಿತ್ತು. "ಸಾರ್, ನಿಮ್ ಟಾರ್ಗೆಟ್ ಮುಟ್ಟೋಕೆ ನಾನು ಊಟ ಬಿಟ್ಟೆ, ನೀರು ಬಿಟ್ಟೆ. ಇನ್ನು ಉಸಿರು ಒಂದಿದೆ, ಅದನ್ನೂ ಓವರ್‌ಟೈಮಲ್ಲಿ ಬಿಡ್ತೀನಿ."

ಹೊರಗೆ ಬಂದೆ. ಚಪ್ಪಲಿ ಹಾಕುತ್ತಿದ್ದಳು. ನನ್ನ ಕೈಯ ಬರೆಯುವ ಪುಸ್ತಕ ನೋಡಿದಳು. "ಕೊನೇದು ಪರವಾಗಿಲ್ವಾ?" ಎಂದಳು.

"ಚೆನ್ನಾಗಿದೆ."

"ಉಸಿರು ಅನ್ನೋದಕ್ಕಿಂತ ಮುಂಚೆ ಸ್ವಲ್ಪ ತಡೀಬೇಕು ಅನ್ಸುತ್ತೆ. ಟಿವೀಲಿ ಆ ಹುಡುಗಿ ಬೇಗ ಬೇಗ ಹೇಳ್ತಾಳೆ."

'ಇವತ್ತು ಹೇಳೇ ಹೇಳ್ತೀನಿ' ಎನ್ನಲಿಲ್ಲ. ಅದನ್ನು ನಾನು ಗಮನಿಸಿದ್ದು ಈಗ, ಬರೆಯುವಾಗ.

ಏಪ್ರಿಲ್ 2, ಬುಧವಾರ. ಮಧ್ಯಾಹ್ನ, ಕ್ಯಾಂಟೀನ್

ಟೋಕನ್ ವಿಷಯ ರೂಮಿಗೆ ತಂದೆ. ನಾಡೆಲ್ಲ ನೋಡುವ ಕಾರ್ಯಕ್ರಮ. ಬಯಲಾಗಲಿ. ಆರನೆಯ ಕಿರುಹೊತ್ತಿಗೆ: ಅನ್ಯಾಯಕ್ಕೆ ಮೊದಲ ಪೆಟ್ಟು ಅದನ್ನು ಹೆಸರು ಹಿಡಿದು ಕರೆಯುವುದು.

ಎದ್ದು ನಿಂತು ಹೇಳಿದೆ. ಮರದ ತುಂಡು, ಮೊಳೆ, ನಲವತ್ತು ಜನ. ಯಾರ ಕಾರ್ಖಾನೆ ಎಂದು ಹೇಳಲಿಲ್ಲ. ಎಲ್ಲರೂ ತಲೆ ತಗ್ಗಿಸಿದರು. ಮೇಷ್ಟ್ರು ಕೆಂಪು ಪೆನ್ನಿನ ಮುಚ್ಚಳ ಹಾಕಿದರು, ತೆಗೆದರು.

"ಇದ್ರಲ್ಲಿ ನೋವಿದೆ, ಒಪ್ಪಿದೆ. ನಗು ಎಲ್ಲಿದೆ?"

"ನಗು ಬೇಕೇ ಬೇಕಾ ಸಾರ್?"

"ನಮ್ಗೆ ಸಂಬಳ ಯಾತಕ್ಕೆ ಕೊಡ್ತಾರೆ ಅಂದ್ಕೊಂಡಿದ್ದೀಯ, ಕರಪತ್ರ?"

ಮುಖಕ್ಕೆ ಹೊಡೆದ ಹಾಗಾಯಿತು. ನೀರು ಕುಡಿದು ಬರೋಣವೆಂದು ಕುರ್ಚಿ ಹಿಂದಕ್ಕೆ ತಳ್ಳಿದೆ. ಗಾಲಿಯಿಲ್ಲದ ಕಾಲು ನೆಲಕ್ಕೆ ಉಜ್ಜಿ ಕರ್ರ್ ಎಂದಿತು, ಇಡೀ ರೂಮು ಕಿವಿ ಮುಚ್ಚಿಕೊಂಡಿತು. ಅಲ್ಲೇ ಹೊಳೆಯಿತು. ಬಾಯಿಗೆ ಬಂದೇ ಬಿಟ್ಟಿತು.

"ಟಾಯ್ಲೆಟ್ ಕೀಲಿಕೈನ ಬಾಸು ಕುರ್ಚಿಗೆ ಕಟ್ಟಿದ್ರೆ?"

ಆಮೇಲೆ ಮಾತು ನಿಲ್ಲಲೇ ಇಲ್ಲ. ಆಫೀಸಿನ ಕೀಲಿಕೈ ಪದೇ ಪದೇ ಕಳೆಯುತ್ತದೆ. ಬಾಸು ಅದನ್ನು ಕಬ್ಬಿಣದ ಕುರ್ಚಿಗೆ ಸರಪಳಿ ಹಾಕಿ ಕಟ್ಟುತ್ತಾನೆ. ಹೋಗಬೇಕಾದವರು ಕುರ್ಚಿ ಎಳೆದುಕೊಂಡೇ ಹೋಗಬೇಕು, ಕರ್ರ್ ಎಂದು, ಆಫೀಸಿನ ಉದ್ದಕ್ಕೂ. ಅತ್ತಿಗೆ ಎಳೆದುಕೊಂಡು ಹೊರಟಾಗಲೇ ದೊಡ್ಡ ಅತಿಥಿ ಬರುತ್ತಾನೆ, ತನಗೇ ತಂದರೆಂದು ಥ್ಯಾಂಕ್ಸ್ ಹೇಳಿ ಅದರ ಮೇಲೆ ಕೂರುತ್ತಾನೆ. ಏಳುವುದೇ ಇಲ್ಲ. ಒಂದೊಂದೇ ಪದ ನಾನು ಎಸೆದೆ, ಅವರು ಹಿಡಿದರು. ಸೀನಿಯರ್ ಒಬ್ಬರು ಮೇಜಿನ ಮೇಲೆ ತಲೆ ಇಟ್ಟು ನಕ್ಕರು. ಮೇಷ್ಟ್ರು ಕನ್ನಡಕ ಎರಡು ಸಲ ಒರೆಸಿದರು.

"ಇವಳ ಹೆಸರು ಹಾಕ್ಸಿ" ಎಂದರು.

ಎರಡನೆಯ ಟೀ ತರಿಸಿಕೊಂಡೆ. ಸಂತೋಷಕ್ಕೆ. ಬರೆದಿಡುತ್ತೇನೆ: ಕುರ್ಚಿ ನನ್ನದು. ಚಿಕ್ಕಮ್ಮನದಲ್ಲ.

ಏಪ್ರಿಲ್ 11, ಶುಕ್ರವಾರ. ರಾತ್ರಿ 8.05

ಹೆಸರು ನಾಲ್ಕು ಸೆಕೆಂಡು ಇತ್ತು. ಸಂಭಾಷಣೆ ಸಹಾಯ. ಚಿಕ್ಕಮ್ಮ ಟಿವಿಯ ಗಾಜಿಗೆ ಬೆರಳಿಟ್ಟು ಓದಿದಳು. ಕುರ್ಚಿ ಬಂದಾಗ ಹೊಟ್ಟೆ ಹಿಡಿದುಕೊಂಡು ನಕ್ಕಳು, ಕಣ್ಣಲ್ಲಿ ನೀರು ಬರುವಷ್ಟು. ಆಮೇಲೆ ಅಡುಗೆಮನೆಗೆ ಹೋಗಿ ಒಬ್ಬಳೇ ಮತ್ತೊಮ್ಮೆ ನಕ್ಕಳು. ಕೇಳಿಸಿತು.

"ನಾಳೆ ಲೈನಿಗೆಲ್ಲ ಹೇಳ್ತೀನಿ, ನೋಡ್ತಿರು" ಎಂದಳು. "ನಮ್ಮ ಹುಡುಗಿ ಬರ್ದಿದ್ದು ಅಂತ."

ಏಪ್ರಿಲ್ 29, ಮಂಗಳವಾರ

ಎರಡು ವಾರ ಬರೆದಿಲ್ಲ. ಸಮಯ ಇಲ್ಲ.

ಹೊಸ ಕುರ್ಚಿ ಬಂತು, ಐದೂ ಗಾಲಿಯದು. ಮೊಬೈಲಿನಲ್ಲಿ ಎಲ್ಲರೂ ಕುರ್ಚಿ ದೃಶ್ಯ ಕಳಿಸುತ್ತಿದ್ದಾರೆ. ಬಸ್ಸಿನಲ್ಲಿ ಕಾಲೇಜು ಹುಡುಗಿ ಇನ್ನೊಬ್ಬಳಿಗೆ, "ನಂಗೇನು ಹೇಳ್ತೀಯ, ಫ್ರಿಜ್‌ಗೆ ಹೇಳು ಹೋಗೆ" ಎಂದಳು. ಆ ಮಾತು ನಮ್ಮದು ಎಂದು ಎದ್ದು ನಿಂತು ಹೇಳಬೇಕೆನಿಸಿತು. ಇಳಿಯುವ ಸ್ಟಾಪ್ ತಪ್ಪಿತು.

ಪ್ರೊಡ್ಯೂಸರ್ ಮೇಡಂ ಕರೆದಿದ್ದರು. ಅತ್ತಿಗೆಗೇ ಒಂದು ಬೇರೆ ಕಾರ್ಯಕ್ರಮ ಮಾಡುವ ಯೋಚನೆಯಂತೆ. "ನೀನೇ ಬರೀಬಹುದು. ಅವಳು ನಿನ್ನ ಕೈಯಲ್ಲಿ ಇದ್ದಾಳೆ."

ಬೆಳಿಗ್ಗೆ ಚಿಕ್ಕಮ್ಮನ ಮಾತು ಕಡಿಮೆಯಾಗಿದೆ. ಎರಡೇ ಸಾಲು. ಸುಸ್ತು ಎನ್ನುತ್ತಾಳೆ. ಶುಕ್ರವಾರಕ್ಕೆ ಇನ್ನೂ ನಾಲ್ಕು ಸಾಲು ಬೇಕು... ಇದನ್ನು ಬರೆದು ಓದಿಕೊಂಡೆ. ಹೊಡೆದುಹಾಕುವುದಿಲ್ಲ. ಇರಲಿ.

ಮೇ 6, ಮಂಗಳವಾರ. ಕ್ಲಿನಿಕ್, 11.30

ಚಿಕ್ಕಮ್ಮನಿಗೆ ಮೂರು ದಿನದಿಂದ ಜ್ವರ. ಮೂತ್ರದ ಸೋಂಕು, ಕಿಡ್ನಿಯ ಹತ್ತಿರ ಹೋಗಿದೆ ಎಂದರು ಡಾಕ್ಟರು. "ನೀರು ಕುಡಿಯಲ್ವೇನಮ್ಮ?" ಎಂದು ಗದರಿದರು. ಚಿಕ್ಕಮ್ಮ ನನ್ನ ಮುಖ ನೋಡಿದಳು.

ಬಲ ಮಣಿಕಟ್ಟೂ ಊದಿದೆ. ಅದು ಹೇಗೆ ಎಂದರು. ಹೊಲಿಗೆ ಕೆಲಸ ಎಂದಳು.

ಹೊಲಿಗೆಯಿಂದಲ್ಲ. ಪಕ್ಕದ ಮನೆಯಾಕೆ ನೋಡಲು ಬಂದಿದ್ದಾರೆ — ಅವರೂ ಅದೇ ಲೈನು, ಕಫ್ ಹೊಲಿಯುವವರು. ಚಿಕ್ಕಮ್ಮ ಇಂಜೆಕ್ಷನ್‌ಗೆ ಒಳಗೆ ಹೋದಾಗ ಬೆಂಚಿನ ಮೇಲೆ ನನ್ನ ಪಕ್ಕ ಸರಿದು ಕೂತರು.

"ನಿಂಗೆ ಗೊತ್ತಿಲ್ವಾ? ನಿನ್ ಸೀರಿಯಲ್ ನೋಡಿ ಅವ್ನು ಟೋಕನ್ನ ಇಸ್ತ್ರಿ ಪೆಟ್ಟಿಗೆಗೆ ಕಟ್ಟಿದ್ದಾನೆ."

"ಯಾರು?"

"ಇನ್ಯಾರು, ಸೂಪರ್‌ವೈಸರು. ಹಳೇದು, ಕಬ್ಬಿಣದ್ದು, ಈ ಭಾರ ಇದೆ, ಎತ್ಕೊಂಡು ಹೋಗಿಯೇ ನಿನ್ ಚಿಕ್ಕಮ್ಮನ ಕೈ ಊದಿದ್ದು. ಮೊದಲ್ನೇ ದಿನ ತಮಾಷೆ ಅಂತ ಎಲ್ರೂ ನಕ್ವಿ. ಅವ್ನೂ ನಕ್ಕ. ಕುರ್ಚಿ ಸಿಗ್ಲಿಲ್ಲ ಅಂದ. ಮಾರನೇ ದಿನ ಬಿಚ್ತಾನೆ ಅಂದ್ಕೊಂಡ್ವಿ." ಅವರು ಸೆರಗು ಸರಿಮಾಡಿಕೊಂಡರು. "ಬಿಚ್ಚಲಿಲ್ಲ ಕಣಮ್ಮ. ಮೂರು ವಾರ ಆಯ್ತು. ಈಗ ಯಾರೂ ಏಳೋದೇ ಇಲ್ಲ. ಟಾರ್ಗೆಟ್ ಜಾಸ್ತಿ ಆಗಿದೆ ಅಂತ ಅವ್ನಿಗೆ ಮೇಲ್ಗಡೆಯಿಂದ ಶಹಭಾಸ್ ಬೇರೆ."

ಕುರ್ಚಿ ನನ್ನದು.

ಮೇ 7, ಬುಧವಾರ. ಬೆಳಿಗ್ಗೆ

ಕೇಳಿಯೇ ಬಿಟ್ಟೆ. ಮಲಗಿದ್ದಳು, ಗೋಡೆಯ ಕಡೆ ಮುಖ.

"ಯಾಕೆ ಹೇಳ್ಲಿಲ್ಲ ಚಿಕ್ಕಮ್ಮ?"

"ಹೇಳಿದ್ರೆ ಏನ್ಮಾಡ್ತಿದ್ದೆ?" ತಿರುಗಲಿಲ್ಲ. "ಬರೀತಿದ್ದೆ."

ಮಂಚದ ಕಾಲ ಬಳಿ ಕೂತೆ.

ಅವಳೇ ಮುಂದುವರಿಸಿದಳು. "ಮೊದಲ್ನೇ ದಿನ ನಂಗೂ ನಗು ಬಂತು ಕಣೆ. ನಿನ್ ಕುರ್ಚಿ ನೆನಪಾಯ್ತು. ಒಂದೊಂದು ಸಲ ಮಧ್ಯಾಹ್ನ ಕಳೆಯೋದೇ ಇಲ್ಲ, ಆ ಸೀನು ನೆನೆಸ್ಕೊಂಡು ಕಳೆದಿದ್ದೀನಿ. ಅವ್ನಿಗೆ ಹೇಳಿದ್ದು ಬೇರೆ ಯಾರೂ ಅಲ್ಲ. ನಮ್ಮ ಹುಡುಗಿ ಬರ್ದಿದ್ದು ಅಂತ ಲೈನಿಗೆಲ್ಲ ಸಾರಿದ್ದು ನಾನೇ ತಾನೆ. ಅವ್ನಿಗೂ ಕಿವಿ ಇದೆ."

"ಅವನಿಗೆ ಹೇಳ್ಬೇಕಿತ್ತು ನೀನು. ಹನ್ನೊಂದು ವರ್ಷದಿಂದ ದಿನಾ ಬೆಳಿಗ್ಗೆ—"

"ಮೊದ್ಲು ಬೆಳಿಗ್ಗೆ ಬೈದ್ರೆ ಸಂಜೇವರೆಗೂ ಎದೆ ಉರೀತಿತ್ತು. ಒಂದಲ್ಲ ಒಂದು ದಿನ ಬಾಯಿ ಬರುತ್ತೆ ಅನ್ನಿಸ್ತಿತ್ತು. ಈಗ ಶುಕ್ರವಾರ ಟಿವೀಲಿ ಬಂದ್ಬಿಡುತ್ತೆ. ಎಲ್ರೂ ನಗ್ತಾರೆ. ಹೇಳ್ದಂಗೇ ಆಗೋಗುತ್ತೆ."

ಯಾವ ಕಿರುಹೊತ್ತಿಗೆಯಲ್ಲೂ ಇದು ಇರಲಿಲ್ಲ.

ಮೇ 19, ಸೋಮವಾರ. ಸಂಜೆ 6

ಬರೆದೆ. ಹನ್ನೆರಡು ದಿನ ಹಿಡಿಯಿತು. ಅತ್ತಿಗೆ ಈ ಸಲ ಫ್ರಿಜ್ ಮುಂದೆ ನಿಲ್ಲುವುದಿಲ್ಲ. ಕುರ್ಚಿ ಎಳೆದುಕೊಂಡು ಬಾಸಿನ ರೂಮಿಗೇ ಹೋಗುತ್ತಾಳೆ. ಅದರ ಮೇಲೆ ಕೂರುತ್ತಾಳೆ. ಎಲ್ಲ ಹೇಳುತ್ತಾಳೆ. ಕೀಲಿಕೈ ಬಿಚ್ಚಿ ಮೊಳೆಗೆ ಹಾಕುವವರೆಗೆ ಏಳುವುದಿಲ್ಲ. ಕೊನೆಯ ದೃಶ್ಯದಲ್ಲಿ ಸೋಫಾದ ಮೇಲೆ ಅವಳ ಜಾಗ ಖಾಲಿ. ಇನ್ನೂ ಅಲ್ಲೇ ಕೂತಿದ್ದಾಳೆ.

ಮೇಷ್ಟ್ರು ಪೂರ್ತಿ ಓದಿದರು. ಕೆಂಪು ಪೆನ್ನು ಮುಟ್ಟಲಿಲ್ಲ. ಉಳಿದವರನ್ನು ಟೀಗೆ ಕಳಿಸಿದರು.

"ಇವಳು ಬಾಸ್‌ಗೆ ಹೇಳಿದ ದಿನ ನಮ್ಮ ಧಾರಾವಾಹಿ ಮುಗೀತು."

"ಮುಗೀಲಿ ಸಾರ್."

"ಮುಗೀಲಿ ಅನ್ನೋದು ಸುಲಭ. ನಮ್ಮಮ್ಮ ಆಸ್ಪತ್ರೇಲಿ ಎರಡು ವರ್ಷ ಮಲಗಿದ್ರು. ದಿನಕ್ಕೊಂದು ಡಾಕ್ಟರು, ದಿನಕ್ಕೊಂದು ಮಾತ್ರೆ, ಪಕ್ಕದ ಹಾಸಿಗೇಲಿ ದಿನಕ್ಕೊಬ್ರು. ಆ ವಾರ್ಡಲ್ಲಿ ಬದಲಾಗದೇ ಇದ್ದದ್ದು ಒಂದೇ, ಟಿವೀಲಿ ಬರೋ ಒಂದು ಸೋಫಾ. ಎಲ್ರೂ ಅದ್ರ ಮೇಲೆ ಕೂತ್ರಾ ಅಂತ ನೋಡ್ಕೊಂಡು ನಿದ್ದೆ ಮಾಡೋರು." ಕನ್ನಡಕ ಸರಿಮಾಡಿಕೊಂಡರು, ತೆಗೆಯಲಿಲ್ಲ. "ಜನಕ್ಕೆ ಹೊರಗಡೆ ಎಲ್ಲ ಬದಲಾಗ್ತಾನೇ ಇರುತ್ತೆ, ಅವ್ರನ್ನ ಕೇಳ್ದೇನೆ. ಅರ್ಧ ಗಂಟೆ ಏನೂ ಆಗದೇ ಇರ್ಲಿ ಬಿಡು."

ಸುಳ್ಳು ಹೇಳುತ್ತಿರಲಿಲ್ಲ ಅವರು.

"ಅದಿರ್ಲಿ" ಎಂದರು. "ಇಷ್ಟು ಸಿಟ್ಟು ಇಟ್ಕೊಂಡು ಹತ್ತು ತಿಂಗಳು ಸುಮ್ನೆ ಕೂತಿದ್ದೀಯಲ್ಲ. ನೀನು ಯಾವ ಫ್ರಿಜ್‌ಗೆ ಹೇಳ್ಕೋತೀಯ, ಕರಪತ್ರ?"

ಉತ್ತರ ಕೊಡಲಿಲ್ಲ. ಇಲ್ಲಿ ಬರೆಯುತ್ತಿದ್ದೇನೆ.

ಮೇ 20, ಮಂಗಳವಾರ

ಹೇಳಿದೆ. ಮೇಷ್ಟ್ರ ಮುಂದೆ ಏನೆನ್ನಬೇಕೆಂದು ಬಸ್ಸಿನಲ್ಲಿ ಮೂರು ಥರ ಜೋಡಿಸಿಕೊಂಡಿದ್ದೆ, ಒಂದೂ ನೆನಪಾಗಲಿಲ್ಲ. ಇಸ್ತ್ರಿ ಪೆಟ್ಟಿಗೆ, ಮಣಿಕಟ್ಟು, ಕಿಡ್ನಿ, ಚಿಕ್ಕಮ್ಮ — ಹಿಂದುಮುಂದಾಗಿ ಹೇಳಿದೆ. ಫ್ರಿಜ್ ಯಾರ ಮನೆಯದು ಎಂದೂ ಹೇಳಿದೆ.

ಮೇಷ್ಟ್ರು ನನ್ನ ಸ್ಕ್ರಿಪ್ಟ್ ಮತ್ತೆ ತೆಗೆದು ಕೊನೆಯ ಪುಟ ಓದಿದರು. ಆಮೇಲೆ, "ಶೂಟ್ ಮಾಡೋಣ" ಎಂದರು.

ಮೇ 30, ಶುಕ್ರವಾರ. ಸಂಜೆ, ಸ್ಟುಡಿಯೊ ಮೆಟ್ಟಿಲು

ಶೂಟ್ ಆಯಿತು. ಅತ್ತಿಗೆಯ ಪಾತ್ರದವರು ಕುರ್ಚಿಯ ಮೇಲೆ ಕೂತು ಒಂದೊಂದೇ ಮಾತು ಹೇಳಿದರು. ಉಸಿರಿನ ಮಾತಿಗೆ ಮುಂಚೆ ತಡೆದರು, ನಾನು ಹೇಳಿಕೊಟ್ಟಿದ್ದೆ. ಪ್ರೇಕ್ಷಕರು ನಗಲಿಲ್ಲ. ಒಬ್ಬರೂ. ಇನ್ನೂರು ಜನ ಕೂತ ಕಡೆ ಲೈಟಿನ ಸದ್ದು ಕೇಳಿಸುತ್ತಿತ್ತು. ಆಮೇಲೆ ಹಿಂದಿನ ಸಾಲಿನಲ್ಲಿ ಯಾರೋ ಒಬ್ಬ ಹೆಂಗಸು ಚಪ್ಪಾಳೆ ಹೊಡೆದಳು. ಒಬ್ಬಳೇ. ನಿಲ್ಲಿಸಲೇ ಇಲ್ಲ. ಆಮೇಲೆ ಎಲ್ಲರೂ.

ಮೇಷ್ಟ್ರು ಮಾನಿಟರ್ ಮುಂದೆ ನಿಂತಿದ್ದರು. ನನ್ನ ಕಡೆ ನೋಡಲಿಲ್ಲ.

ಮುಂದಿನ ಶುಕ್ರವಾರ ಪ್ರಸಾರ. ಚಿಕ್ಕಮ್ಮನಿಗೆ ಏನೂ ಹೇಳಿಲ್ಲ. ನೋಡಲಿ. ನೋಡಿ—

ಜೂನ್ 6, ಶುಕ್ರವಾರ. ರಾತ್ರಿ 8.10

ಅತ್ತಿಗೆ ಎಲ್ಲ ಹೇಳಿದಳು. ಪೂರ್ತಿ. ಚಿಕ್ಕಮ್ಮ ಮಂಚದಿಂದ ಎದ್ದು ಕೂತಳು. ಕೈ ನನ್ನ ಮೊಣಕಾಲ ಮೇಲೆ. ಕೀಲಿಕೈ ಬಿಚ್ಚಿ ಎಂದಳು ಅತ್ತಿಗೆ. ಆಗ ಒಂದು ಸದ್ದು ಶುರುವಾಯಿತು... ಹೂಂ ಎಂದು. ಕ್ಯಾಮೆರಾ ಹಿಂದೆ ಸರಿಯಿತು. ಬಾಸು ಇಲ್ಲ. ಅಡುಗೆಮನೆ. ಫ್ರಿಜ್. ಅದರ ಮುಂದೆ ಕುರ್ಚಿಯ ಮೇಲೆ ಅತ್ತಿಗೆ. ಎಲ್ಲ ಅಭ್ಯಾಸ ಮಾಡಿಕೊಳ್ಳುತ್ತಿದ್ದಳಂತೆ. ಗೊಳ್ಳೆಂದು ನಗು — ಇದು ಪೆಟ್ಟಿಗೆಯದು, ನನಗೆ ಗೊತ್ತು. ಚಪ್ಪಾಳೆ ತೆಗೆದುಹಾಕಿದ್ದಾರೆ. ಕೊನೆಗೆ ಎಲ್ಲರೂ ಸೋಫಾಕ್ಕೆ.

ಹೆಸರು ಬಂತು. ಸಂಭಾಷಣೆ, ನನ್ನದು. 'ಸಹಾಯ' ಹೋಗಿದೆ.

ಚಿಕ್ಕಮ್ಮ ಕೈ ತೆಗೆದಳು.

"ಇದು ನಾನು ಮಾಡೋದೇ ಅಲ್ವಾ" ಎಂದಳು. "ಹೊಸದೇನಿದೆ?"

ಟಿವಿ ಆಫ್ ಮಾಡಿದಳು. ನಮ್ಮ ಮನೆಯ ಫ್ರಿಜ್ ಹೂಂ ಎನ್ನುತ್ತಿತ್ತು.

ಜೂನ್ 9, ಸೋಮವಾರ. ಬೆಳಿಗ್ಗೆ 6.20

ಬಚ್ಚಲಿನ ಬಾಗಿಲ ಹಿಂದೆ ನಿಂತಿದ್ದೆ. ಅಭ್ಯಾಸ. ಪುಸ್ತಕವೂ ಕೈಯಲ್ಲಿ.

ಚಿಕ್ಕಮ್ಮ ಐಡಿ ಕಾರ್ಡು ಹಾಕಿಕೊಂಡಳು. ಸಿಕ್ ಲೀವ್ ಇನ್ನೂ ವಾರ ಇದೆ, ಆದರೂ. ಫ್ರಿಜ್ ತೆರೆದಳು. ನೀರಿನ ಬಾಟಲಿ ತೆಗೆದಳು. ಅಲ್ಲೇ ನಿಂತು ಅರ್ಧ ಕುಡಿದಳು. ಬಾಗಿಲು ಹಾಕಿದಳು.

ಒಂದು ಮಾತೂ ಇಲ್ಲ.

ಪುಸ್ತಕ ಮುಚ್ಚಿದೆ. ಸಂತೋಷವೋ ಭಯವೋ ತಿಳಿಯಲಿಲ್ಲ. ಶುಕ್ರವಾರಕ್ಕೆ ಏನು ಬರೆಯುವುದು ಎಂಬ ಯೋಚನೆಯೂ ಬಂತು, ಸುಳ್ಳೇಕೆ ಹೇಳಲಿ.

ಅದೇ ದಿನ, ಮಧ್ಯಾಹ್ನ 3

ಮೇಷ್ಟ್ರು ಮೊದಲೇ ಮಾತು ತೆಗೆದರು. "ಫ್ರಿಜ್ ಶಾಟ್ ಹೋದ ಸೋಮವಾರವೇ ತೆಗೆದ್ವಿ. ನಿಂಗೆ ಹೇಳ್ಬೇಕಿತ್ತು. ಹೇಳೋಕೆ ಬಾಯಿ ಬರ್ಲಿಲ್ಲ."

"ನಿಮಗೂ ಬರ್ಲಿಲ್ವಾ ಸಾರ್."

"ಜನ ನಗದೇ ಕೂತ ಆ ಮೌನಾನ ಚಾನೆಲ್‌ನವ್ರು ಒಪ್ಲಿಲ್ಲ. ನಾನು ಎರಡು ಸಲ ಕೇಳ್ದೆ." ಪೆನ್ನಿನ ಮುಚ್ಚಳ ತಿರುಗಿಸಿದರು. "ಮೂರನೇ ಸಲ ಕೇಳ್ಲಿಲ್ಲ."

ಅತ್ತಿಗೆಯ ಹೊಸ ಕಾರ್ಯಕ್ರಮಕ್ಕೆ ಮೇಡಂ ಒಪ್ಪಿದ್ದಾರಂತೆ. ಗುರುವಾರ ಹನ್ನೊಂದಕ್ಕೆ ಮೊದಲ ಸ್ಕ್ರಿಪ್ಟ್ ಓದಬೇಕು. ನನ್ನದೇ ಸ್ಕ್ರಿಪ್ಟ್. ಫ್ರಿಜ್ ದೃಶ್ಯ ಕಡ್ಡಾಯ.

"ಫ್ರಿಜ್ ದೃಶ್ಯ ಇನ್ನು ನಾನು ಬರೆಯಲ್ಲ ಸಾರ್."

"ಯಾಕೆ, ಸಿಟ್ಟಾ?"

"ಬರೆಯೋಕೆ ಏನೂ ಇಲ್ಲ. ಅವಳು ಮಾತಾಡೋದು ನಿಲ್ಸಿದ್ದಾಳೆ."

ಕನ್ನಡಕ ತೆಗೆದರು. ಒರೆಸಲಿಲ್ಲ. ಕೈಯಲ್ಲಿ ಹಿಡಿದುಕೊಂಡು ಕೂತರು. ಬರಿಗಣ್ಣಿನಲ್ಲಿ ಅವರಿಗೆ ನಾನು ಕಾಣಿಸುತ್ತೇನೋ ಇಲ್ಲವೋ.

ಜೂನ್ 10, ಮಂಗಳವಾರ. ಸಂಜೆ

ಚಿಕ್ಕಮ್ಮ ನಿನ್ನೆ ಐಡಿ ಕಾರ್ಡು ಹಾಕಿಕೊಂಡು ಹೋದದ್ದು ಮ್ಯಾನೇಜರ್ ಹತ್ತಿರ. ಎರಡನೆಯ ಮಹಡಿ. ಹನ್ನೊಂದು ವರ್ಷದಲ್ಲಿ ಆ ಮೆಟ್ಟಿಲು ಹತ್ತಿರಲಿಲ್ಲ. ಡಾಕ್ಟರ ಚೀಟಿ ಮೇಜಿನ ಮೇಲಿಟ್ಟು, ಟೋಕನ್ ವಿಷಯ ಮಾತಾಡಬೇಕು, ಟೈಮ್ ಕೊಡಿ ಎಂದಳಂತೆ. ಸಿಕ್ ಲೀವ್‌ನಲ್ಲಿರುವವರು ಬೇಕಾದರೆ ಮನೆಯವರೊಬ್ಬರನ್ನು ಕರೆತರಬಹುದು ಎಂದರಂತೆ.

"ಟೈಮ್ ಕೊಟ್ರಾ?"

"ಗುರುವಾರ ಹತ್ತೂವರೆ. ಲೈನಿನೋರೆಲ್ಲ ಬರ್ತೀವಿ ಅಂದಿದ್ದಾರೆ. ನಲವತ್ತೂ ಜನ."

"ಏನ್ ಹೇಳ್ಬೇಕು ಅಂತ ಬರ್ಕೊಡ್ಲಾ?" ಎಂದೆ. ಬಾಯಿ ತಪ್ಪಿ ಬಂತು.

"ಬೇಡ. ನೀನು ಬರ್ದ್ರೆ ನಗು ಬರುತ್ತೆ." ಸ್ವಲ್ಪ ಬಿಟ್ಟು, "ನೀನು ಬರೋದೂ ಬೇಡ. ಬಂದ್ರೆ ನಿಂತಲ್ಲೇ ಬರ್ಕೋತೀಯ. ನಂಗೊತ್ತು ನಿನ್ನ."

ಹದಿನಾಲ್ಕು ಕಿರುಹೊತ್ತಿಗೆ ಶೆಲ್ಫಿನಲ್ಲಿವೆ. ಎಣಿಸಿದೆ. ಹದಿನಾಲ್ಕೇ.

ಜೂನ್ 11, ಬುಧವಾರ. ಬೆಳಿಗ್ಗೆ 6.15

ಮೇಷ್ಟ್ರಿಗೆ ಮೆಸೇಜ್ ಕಳಿಸಿದೆ: ಗುರುವಾರ ಓದುವುದಕ್ಕೆ ಬರುವುದಿಲ್ಲ. ಕಾರಣ ಬರೆಯಲಿಲ್ಲ. ಕುರ್ಚಿ ಯಾರಿಗಾದರೂ ಕೊಡಲಿ. ಐದೂ ಗಾಲಿ ಚೆನ್ನಾಗಿವೆ.

ಚಿಕ್ಕಮ್ಮ ಬೇಡ ಎಂದಿದ್ದಾಳೆ. ಆದರೂ ಕಳಿಸಿದೆ. ಗೇಟಿನ ಹೊರಗೆ ರಸ್ತೆಯಲ್ಲಿ ನಿಂತಿರುತ್ತೇನೆ, ಅಷ್ಟಾದರೂ.

ಚಿಕ್ಕಮ್ಮ ಈಗ ಬಂದು ಬಾಗಿಲಲ್ಲಿ ನಿಂತಿದ್ದಾಳೆ. ನೀರು ಕುಡಿಯುತ್ತಿದ್ದಾಳೆ. ಬರೆಯುವುದು ನೋಡುತ್ತಿದ್ದಾಳೆ. ನಿಲ್ಲಿಸು ಎನ್ನುತ್ತಿಲ್ಲ.

"ಟೋಕನ್ನು ಇಸ್ತ್ರಿ ಪೆಟ್ಟಿಗೆ ಸಮೇತ ಮ್ಯಾನೇಜರ್ ಮೇಜಿನ ಮೇಲೆ ಇಡ್ಬೇಕು ಅಂತ ಮಾತಾಡ್ಕೊಂಡಿದ್ದೀವಿ" ಎಂದಳು. "ಎರಡು ಮಹಡಿ. ನನ್ ಮಣಿಕಟ್ಟು ಆಗಲ್ಲ. ಬೇರೆಯೋರ ಕೈಗೆ ಕೊಡೋಕೂ ಮನಸ್ಸಿಲ್ಲ."

"ನಾನು ಹೊರ್ತೀನಿ."

"ಎರಡೂ ಕೈ ಬೇಕು ಅದಕ್ಕೆ."

"ಗೊತ್ತು."

"ಹಾಗಾದ್ರೆ ಪೆನ್ನು ಮನೇಲಿಟ್ಟು ಬಾ."

ಗುರುವಾರ. ಬೆಳಿಗ್ಗೆ ಹತ್ತು. ಗೇಟಿನ ಎಡಕ್ಕೆ, ಸೆಕ್ಯುರಿಟಿ ರೂಮಿನ ಮುಂದೆ ಸೇರುವುದು. ಇಷ್ಟು ಬರೆದು ಪೆನ್ನು ಇಲ್ಲೇ ಇಡುತ್ತಿದ್ದೇನೆ.